ಗೋಡೆಯಾಚೆ ಕೂಗಿದ ಹೆಸರುಗಳು

ಕೆಲವು ವಿವರಗಳು ತಪ್ಪಿರಬಹುದು. ನಾನು ಉಡುಪಿಯಿಂದ ಮುಂಬಯಿಗೆ, ಸೋದರಮಾವನ ಮನೆಗೆ ಬಂದು ವಾರವಾಗಿತ್ತೋ ತಿಂಗಳಾಗಿತ್ತೋ ನೆನಪಿಲ್ಲ. ಗೋಡೆಯಾಚೆ ಗಿಟಾರು, ತುತ್ತೂರಿ. ನಡುವೆ ಒಬ್ಬ ಗಂಡಸು ಒಂದಾದ ಮೇಲೊಂದು ಹೆಸರು ಕೂಗುತ್ತಿದ್ದ.

"ಕೇಳಿದ್ಯಾ? ಎಲ್ಲ ಗ್ಯಾಂಗಿನವರ ಹೆಸರು," ಅಂದರು ಮಾವ. ಗ್ರಾಂಟ್ ರೋಡಿನ ಆ ಬಿಲ್ಡಿಂಗಿನ ಕೆಳಗೇ ಅವರ ಹೋಟೆಲು.

"ನಿಮಗೆ ಆ ಭಾಷೆ ಬರ್ತದಾ?"

"ಬರ್ಲಿಕ್ಕೆ ಎಂತ ಉಂಟು ಮಾರಾಯ್ತಿ? ನೀನು ಎಂ.ಎ. ಮಾಡಿದವಳಲ್ವಾ, ಸೊಸೈಟಿಗೊಂದು ಲೆಟರ್ ಬರಿ. ಅವರನ್ನು ಖಾಲಿ ಮಾಡಿಸ್ಲಿ."

ಊರಲ್ಲಿ ನೆರೆಮನೆಯ ಒಲೆಯ ಮೇಲೆ ಏನು ಬೇಯುತ್ತಿದೆ ಎಂಬುದೂ ಗೊತ್ತಿರುತ್ತಿತ್ತು. ಇಲ್ಲಿ ಗೋಡೆ ಒಂದೇ, ಬಾಗಿಲಿಗೆ ಮೂರು ಚಿಲಕ. ಬರೆಯುವ ಮೊದಲು ನೋಡಿ ಬರುತ್ತೇನೆಂದು ಹೋದೆ. ನ್ಯಾಯಕ್ಕೋ, ಬರಿ ಕುತೂಹಲಕ್ಕೋ, ಈಗ ಹೇಳಲಾರೆ.

ಬಾಗಿಲು ತೆರೆದವಳು ನ್ಗೋಜಿ. ಅವರು ನೈಜೀರಿಯಾದ ಇಗ್ಬೊ ಜನ. ಗಂಡ ಚಿಕೆ ಬಟ್ಟೆ ವ್ಯಾಪಾರಿ. ಅವನು ತಟ್ಟೆಯಲ್ಲೊಂದು ಕೆಂಪು ಬೀಜ ಮುಂದಿಟ್ಟ. ವೀಳ್ಯ ಕೊಟ್ಟರೆ ತೆಗೆದುಕೊಳ್ಳುವುದು ನಮ್ಮ ರೂಢಿ; ಎತ್ತಿ ಬಾಯಿಗಿಡಲು ಹೋದೆ. ಅಮಲಿನದ್ದೇನೋ ಎಂಬ ಅನುಮಾನವೂ ಜೊತೆಗೇ ಬಂತು.

"ಅರೆ ರುಕೋ!" ನ್ಗೋಜಿ ನಕ್ಕಳು.

ಅದು ಒಜಿ, ಕೋಲಾ ಬೀಜ. ಅತಿಥಿ ನೋಡಿ ಮರಳಿಸಬೇಕು. ಮನೆಯ ಗಂಡಸು ಪ್ರಾರ್ಥಿಸಿ ಒಡೆದು ಹಂಚಬೇಕು. ಚಿಕೆ ಇಗ್ಬೊದಲ್ಲೇ ಪ್ರಾರ್ಥಿಸಿದ. ಒಜಿಗೆ ಇಂಗ್ಲಿಷ್ ತಿಳಿಯುವುದಿಲ್ಲವಂತೆ. ತಿಂದೆ, ಬಾಯೆಲ್ಲ ಕಹಿ.

ಚಿಕೆ ಗೋಡೆಯಾಚೆ ಕೇಳಿದ್ದ ಹಾಡನ್ನೇ ಹಾಕಿ ಅರ್ಥ ಹೇಳಿದ. ಆ ಸಂಗೀತಕ್ಕೆ ಹೈಲೈಫ್ ಎನ್ನುತ್ತಾರೆ. ಹಾಡು ಮೊದಲು ಚಿನೆಕೆಯನ್ನು, ಅಂದರೆ ಸೃಷ್ಟಿಸಿದ ದೇವರನ್ನು ನೆನೆಯುತ್ತದೆ. ಆಮೇಲೆ ಹೆತ್ತವಳನ್ನು ಮರೆಯಬೇಡ ಎನ್ನುತ್ತದೆ. ಕೊನೆಗೆ ತೀರಿಕೊಂಡ ಹಿರಿಯರನ್ನು ಹೆಸರು ಹಿಡಿದು ಕರೆಯುತ್ತದೆ. ಹಾಡುಗಾರ ಈಗಿನವನು, ಚರ್ಚಿಗೆ ಹೋಗುವವನು. ಹೆಸರುಗಳು ಬಂದೊಡನೆ ನ್ಗೋಜಿ ವಾಲ್ಯೂಮ್ ಇಳಿಸಿದಳು.

"ಪಾಸ್ಟರ್ ಕೋ ಪಸಂದ್ ನಹೀ."

ಚಿಕೆ ಏರಿಸಿದ. "ಮೇರೆ ದಾದಾ ಕೋ ಪಸಂದ್ ಹೈ." ಅವನ ಅಜ್ಜನಿಗೆ ಇಷ್ಟವಂತೆ.

ಮಾವನಿಗೆ ಎಲ್ಲ ಹೇಳಿದೆ. "ಹಾಗಾದ್ರೆ ನಮ್ಮ ದೈವದ ಹಾಗೆಯೇ," ಎಂದು ನಕ್ಕರು. "ಅದಕ್ಕೂ ತುಳುವೇ ಆಗ್ಬೇಕು." ಸ್ವಲ್ಪ ಹೊತ್ತು ಗೋಡೆಗೆ ಕಿವಿಗೊಟ್ಟರು. ನಾನು ಗೆದ್ದೆ ಅಂದುಕೊಂಡೆ.

"ಆದ್ರೂ ನೀನು ಲೆಟರ್ ಬರಿ."

ಬರೆದೆ. ಇದರಲ್ಲಿ ನೆನಪಿನ ತಪ್ಪಿಲ್ಲ. ನನಗೂ ಮಾವನ ಮನೆ ಬಿಟ್ಟರೆ ಬೇರೆ ಮನೆಯಿರಲಿಲ್ಲ ಎಂಬ ನನ್ನ ಸಬೂಬನ್ನು ನಾನೇ ಪೂರ್ತಿ ನಂಬುವುದಿಲ್ಲ. ಪತ್ರದಲ್ಲಿದ್ದ 'ಅನುಮಾನಾಸ್ಪದ' ಎಂಬ ಪದ ಮಾವನದಲ್ಲ, ನನ್ನದು.

ತಿಂಗಳೊಳಗೆ ಅವರು ಹೋದರು. ಮೆಟ್ಟಿಲಲ್ಲಿ ಚಿಕೆ ಇಡೀ ಒಜಿಯೊಂದನ್ನು ನನ್ನ ಕೈಗಿಟ್ಟ. ಮನೆ ಮುಟ್ಟಿದ ಒಜಿ ತಾನು ಎಲ್ಲಿಂದ ಬಂದೆನೆಂದು ಹೇಳುತ್ತದಂತೆ. ಪತ್ರ ಬರೆದವರು ಯಾರೆಂದು ಅವನಿಗೆ ಗೊತ್ತಿತ್ತೇ? ಆ ಒಜಿಯನ್ನು ಉಡುಪಿಗೆ ಒಯ್ಯಲಿಲ್ಲ, ಮಾವನ ಮನೆಯಲ್ಲೂ ಇಡಲಿಲ್ಲ. ನಾನು ಕೆಲಸ ಮಾಡುವ ವಿಕ್ರೋಳಿಯ ಆಫೀಸಿನ ಡ್ರಾಯರಿನಲ್ಲಿ ಒಣಗಿದೆ.

ಈ ವರ್ಷವೂ ಮಾವ ಅಗೆಲು ಬಡಿಸಿದರು. ತೀರಿಕೊಂಡವರಿಗೆ ಎಲೆ ಹಾಕಿ ಉಣಬಡಿಸುವ ಕ್ರಮ ಅದು. ಕೈಮುಗಿದು, ತುಳುವಿನಲ್ಲಿ, ಅಜ್ಜಂದಿರನ್ನು ಒಬ್ಬೊಬ್ಬರಾಗಿ ಹೆಸರು ಹಿಡಿದು ಕರೆದರು. ಅದಕ್ಕೆ ಮೊದಲು ಎದ್ದು ಹೋಗಿ ಒಂದು ಕೆಲಸ ಮಾಡಿದ್ದರು. ಊಟಕ್ಕೆ ಕುಳಿತಾಗ ಕೇಳಿದೆ:

"ಮಾವ, ಹೆಸರು ಕರೆಯುವ ಮೊದಲು ನೀವು ಕಿಟಕಿ ಯಾಕೆ ಮುಚ್ಚಿದ್ದು?"

ಮಾವ ನನ್ನ ಎಲೆಗೆ ಇನ್ನಷ್ಟು ಅನ್ನ ಬಡಿಸಿದರು.