ಫ್ರಾನ್ಸಿನ ರಾಜ, ಅಪ್ಪನ ಸ್ವರ

ಎಂಬತ್ತರ ದಶಕದ ಕೊನೆಯಲ್ಲಿ ಫ್ರಾನ್ಸಿನ ಒಬ್ಬ ರಾಜ ಒಂದಿಡೀ ಬೇಸಿಗೆ ನಮ್ಮ ಜೊತೆ ವಾಸವಾಗಿದ್ದ, ಮಸ್ಕತ್ತಿನ ವಾದಿ ಅದಾಯ್‌ನ ಎರಡು ಕೋಣೆಯ ಬಾಡಿಗೆ ಮನೆಯಲ್ಲಿ. ಅವನನ್ನು ಕಳಿಸಿದವರು ನನ್ನ ಅಪ್ಪ, ಉಡುಪಿಯಿಂದ, ಕ್ಯಾಸೆಟ್ಟುಗಳಲ್ಲಿ. ಕಳಿಸಿದ್ದು ನನಗಲ್ಲ, ನನ್ನ ಹೆಂಡತಿಗೆ. ನನ್ನೊಡನೆ ಅಪ್ಪ ಮಾತು ಬಿಟ್ಟು ಆಗಲೇ ಮೂರು ವರ್ಷವಾಗಿತ್ತು.

ನಾವು ಪ್ರೊಟೆಸ್ಟೆಂಟರು, ಊರವರ ಬಾಯಲ್ಲಿ ಮಿಶನ್ನಿನವರು. ಹೆಂಡತಿ ಮಂಗಳೂರಿನ ಕೊಂಕಣಿ ಕೆಥೊಲಿಕ್ ಮನೆಯವಳು. ಹುಡುಗ ನಮ್ಮ ಇಗರ್ಜಿಗೆ ಸೇರಿದರೆ ಮದುವೆ, ಇಲ್ಲದಿದ್ದರೆ ಇಲ್ಲ ಎಂದು ಅವಳ ಮನೆಯವರು ಕಡ್ಡಿ ತುಂಡು ಮಾಡಿದ ಹಾಗೆ ಹೇಳಿದರು. ನಾನು ಸೇರಿದೆ. ಅದೇ ಯೇಸು, ಅದೇ ಬೈಬಲ್, ಇದರಲ್ಲಿ ಜಗಳ ಎಲ್ಲಿಂದ ಬಂತು ಎಂದು ನಮ್ಮ ಆಫೀಸಿನ ಮೈಸೂರಿನ ಗೆಳೆಯ ನಗುತ್ತಿದ್ದ. ನಾಮ ದೊಡ್ಡದೋ ವಿಭೂತಿ ದೊಡ್ಡದೋ ಎಂದು ನಿನ್ನ ಅಜ್ಜನನ್ನು ಕೇಳಿ ಬಾ, ಆಮೇಲೆ ನಗು ಎಂದು ನಾನು ಅವನ ಬಾಯಿ ಮುಚ್ಚಿಸಿದ್ದೆ. ನಗುವವರಿಗೇನು, ಅಪ್ಪ ಕಳೆದುಹೋದದ್ದು ನನಗೆ.

ಅಪ್ಪ ಹೈಸ್ಕೂಲಿನಲ್ಲಿ ಚರಿತ್ರೆಯ ಮಾಸ್ಟ್ರು. ನಾನೂ ಅವರ ಕ್ಲಾಸಿನಲ್ಲಿ ಕೂತು ಅವರನ್ನು ‘ಸರ್’ ಎಂದು ಕರೆದವನೇ. ಯುರೋಪಿನ ಮತಯುದ್ಧಗಳೆಂದರೆ ಅವರಿಗೆ ಮೈಮೇಲೆ ಬಂದ ಹಾಗೆ. ಅದರಲ್ಲೂ ತಾಯಿಯ ಕೈಯಲ್ಲಿ ಪ್ರೊಟೆಸ್ಟೆಂಟನಾಗಿ ಬೆಳೆದು, ಫ್ರಾನ್ಸಿನ ಸಿಂಹಾಸನಕ್ಕೆ ಹಕ್ಕುದಾರನಾಗಿ, ಕೊನೆಗೆ ಕೆಥೊಲಿಕನಾಗಿ ಮತ ಬದಲಿಸಿ ರಾಜ್ಯ ಆಳಿದ ಆ ರಾಜನ ಕತೆಗೆ ಎರಡು ಪೀರಿಯಡ್ಡು ಸಾಲುತ್ತಿರಲಿಲ್ಲ. ಪಾಠದ ಕೊನೆಗೆ ಚಾಕ್‌ಪೀಸ್ ಕೆಳಗಿಟ್ಟು, ಕೈ ಝಾಡಿಸಿ, ‘ರಾಜಧಾನಿಗಾಗಿ ನಂಬಿಕೆ ಮಾರಿದವನು’ ಎಂದು ಮುಗಿಸುತ್ತಿದ್ದರು. ಆಗ ನಾನು ಜೋರಾಗಿ ತಲೆಯಾಡಿಸಿದವರಲ್ಲಿ ಒಬ್ಬ.

ಹೆಂಡತಿ ಅಂಚೆ ತೆರಪಿನ ಬಿ.ಎ.ಗೆ ಓದುತ್ತಿದ್ದಳು. ಯುರೋಪಿನ ಚರಿತ್ರೆಯ ಪಾಠ ಅವಳಿಗೆ ಕಬ್ಬಿಣದ ಕಡಲೆ. ನನ್ನನ್ನು ಕೇಳದೆ ಮಾವನಿಗೆ ಬರೆದಳು. ವಿದ್ಯೆ ಕೇಳಿ ಬಂದವರನ್ನು ಬರಿಗೈಯಲ್ಲಿ ಕಳಿಸುವ ಕ್ರಮ ತಮ್ಮಲ್ಲಿಲ್ಲ ಎಂದು ಉತ್ತರ ಬಂತು. ಬರೆದರೆ ಕೈ ನಡುಗುತ್ತದೆಂದು ಪಾಠವನ್ನೆಲ್ಲ ಕ್ಯಾಸೆಟ್ಟಿಗೆ ಹೇಳಿ, ರಜೆ ಮುಗಿಸಿ ಮಸ್ಕತ್ತಿಗೆ ಮರಳುವ ಯಾರದಾದರೂ ಕೈಯಲ್ಲಿ ಕೊಟ್ಟು ಕಳಿಸತೊಡಗಿದರು. ಆಗ ಗಲ್ಫಿನಲ್ಲಿ ಸುಖದುಃಖವೆಲ್ಲ ಹೀಗೆ ಉಪ್ಪಿನಕಾಯಿ, ಹಪ್ಪಳದ ನಡುವೆ ಕ್ಯಾಸೆಟ್ಟಿನಲ್ಲೇ ಓಡಾಡುತ್ತಿತ್ತು.

ಅವಳು ಹಾಲ್‌ನಲ್ಲಿ ಟೇಪ್ ರೆಕಾರ್ಡರ್ ಹಾಕುತ್ತಿದ್ದಳು. ನಾನು ಅಡುಗೆಮನೆಯಲ್ಲಿ ನಲ್ಲಿ ನಿಲ್ಲಿಸಿ, ಪಾತ್ರೆ ಕೈಯಲ್ಲಿ ಹಿಡಿದು ನಿಂತುಬಿಡುತ್ತಿದ್ದೆ. ಪ್ಯಾರಿಸಿನಲ್ಲಿ ಆ ರಾಜಕುಮಾರನ ಮದುವೆಗೆ ಬಂದ ಪ್ರೊಟೆಸ್ಟೆಂಟ್ ನೆಂಟರನ್ನು ಕೆಲವೇ ದಿನಗಳಲ್ಲಿ ಮನೆಮನೆ ಹೊಕ್ಕು ಕೊಂದದ್ದನ್ನು ಅಪ್ಪ ಹೇಳಿದರು. ಅವನು ರಾಜನಾದ ಮೇಲೂ, ಪ್ರೊಟೆಸ್ಟೆಂಟ್ ದೊರೆ ಬೇಡವೆಂದು, ಕೆಥೊಲಿಕರ ರಾಜಧಾನಿ ಬಾಗಿಲು ತೆರೆಯಲಿಲ್ಲ. ಅವನೇ ಊರಿಗೆ ಮುತ್ತಿಗೆ ಹಾಕಿದ. ಒಳಗೆ ಜನ ನಾಯಿ, ಬೆಕ್ಕು ತಿಂದರು. ಪ್ರತಿ ಪಾಠದಲ್ಲೂ ಅಪ್ಪನ ಸ್ವರ ಒರಟಾಗುತ್ತಾ ಹೋಯಿತು. ಕೆಮ್ಮು ಎಂದುಕೊಂಡೆವು.

ಕೆಮ್ಮಲ್ಲ. ಅಕ್ಕ ಫೋನ್ ಮಾಡಿದಳು. ಗಂಟಲಿನ ಕ್ಯಾನ್ಸರ್. ಸ್ವರಪೆಟ್ಟಿಗೆ ತೆಗೆಯದಿದ್ದರೆ ಜೀವ ಉಳಿಯುವುದಿಲ್ಲ.

“ಆಪರೇಷನ್ ಆದ ಮೇಲೆ ಅಪ್ಪನಿಗೆ ಮಾತು ಬರುದಿಲ್ಲ ಅಂತೆ,” ಅಂದಳು. “ಪೂರಾ ಹೋಗ್ತದೆ.”

“ಅಪ್ಪನಿಗೆ ಫೋನ್ ಕೊಡು.”

ಅಕ್ಕ ಮಾತಾಡುತ್ತಿದ್ದದ್ದು ಪಕ್ಕದ ಮನೆಯ ಫೋನಿನಿಂದ. ಅಪ್ಪನನ್ನು ಕರೆಯಲು ಹೋದವಳು ಒಬ್ಬಳೇ ವಾಪಸ್ಸು ಬಂದಳು. “ಬರುದಿಲ್ಲ ಅಂತಾರೆ ಮಾರಾಯ. ನಾನೆಂತ ಮಾಡ್ಲಿ?”

ನನಗೆ ಹುಚ್ಚು ಹಿಡಿಯುವುದೊಂದು ಬಾಕಿ. ಬೈಯಲಿ, ಶಪಿಸಲಿ, ಆ ಸ್ವರ ಹೋಗುವ ಮೊದಲು ಒಂದು ಮಾತು ನನಗೆಂದೇ ಹೇಳಲಿ. ಬೇರೆ ಯಾವ ಆಸೆಯೂ ಉಳಿದಿರಲಿಲ್ಲ. ಊರಿಗೆ ಹಾರೋಣವೆಂದರೆ ನನ್ನ ಪಾಸ್‌ಪೋರ್ಟ್ ಕಂಪನಿಯ ಕಪಾಟಿನಲ್ಲಿ. ನನಗೆ ವೀಸಾ ಕೊಟ್ಟ ಧಣಿ, ಕಫೀಲ್, ದೇಶದಲ್ಲೇ ಇಲ್ಲ. ಮ್ಯಾನೇಜರ್ ಫೈಲಿನಿಂದ ತಲೆ ಎತ್ತದೆ, “ಲೀವ್ ಡ್ಯೂ ನಹೀ ಹೈ, ಖಲಾಸ್,” ಅಂದ. ಎರಡನೇ ಸಲ ಹೋದಾಗ ಅವನ ಕಾಲು ಹಿಡಿಯುವುದಕ್ಕೂ ತಯಾರಿದ್ದೆ. ಅವನು ಕುರ್ಚಿ ಹಿಂದೆ ಸರಿಸಿಕೊಂಡ.

ವಾರದ ರಜೆಯ ಶುಕ್ರವಾರ ರುವಿಯ ಇಗರ್ಜಿಗೆ ಹೋದೆವು. ಅಲ್ಲಿ ಎರಡು ಪಂಗಡಕ್ಕೂ ಒಂದೇ ಕಾಂಪೌಂಡು. ಪೂಜೆ ಮುಗಿಸಿ ಹೊರಗೆ ಬಂದರೆ ಅತ್ತ ಪ್ರೊಟೆಸ್ಟೆಂಟರ ಕಡೆಯಿಂದ ನಾನು ಚಿಕ್ಕಂದಿನಲ್ಲಿ ಹಾಡಿದ ರಾಗವೇ ಕೇಳಿಸಿತು. ಇಲ್ಲಿ ಸುಲ್ತಾನ ಎರಡಕ್ಕೂ ಜಾಗ ಕೊಟ್ಟಿದ್ದಾನೆ, ನಮ್ಮ ಮನೆಯಲ್ಲಿ ಜಾಗವಿಲ್ಲ ಎಂದು ನನಗೆ ರೋಷ ಬಂತು. ಅಪ್ಪನ ಮೇಲೋ ದೇವರ ಮೇಲೋ ತಿಳಿಯಲಿಲ್ಲ.

ಉಪಾಯ ಹೊಳೆದದ್ದು ಹೆಂಡತಿಗೆ. “ಮಗನಾಗಿ ಕೇಳಿದ್ರೆ ಅವರು ಮಾತಾಡುದಿಲ್ಲ,” ಅಂದಳು. “ಸ್ಟೂಡೆಂಟ್ ಆಗಿ ಕೇಳಿ. ಮಾವ ಯಾವ ಸ್ಟೂಡೆಂಟಿಗೂ ಇಲ್ಲ ಅಂದವರಲ್ಲ.”

ಖಾಲಿ ಕ್ಯಾಸೆಟ್ ಹಾಕಿ ಗುಂಡಿ ಒತ್ತಿದಳು. “ಸರ್,” ಅಂದೆ. “ನಾನು ನಿಮ್ಮ ಹಳೆಯ ವಿದ್ಯಾರ್ಥಿ. ನನ್ನದೊಂದು ಪ್ರಶ್ನೆ. ಆ ರಾಜ ಮತ ಬದಲಿಸಿದ್ದು ತಪ್ಪೋ? ಪರೀಕ್ಷೆಗೆ ಅಲ್ಲ ಸರ್. ನನಗೆ ಗೊತ್ತಾಗ್ಬೇಕು.” ಅಷ್ಟಕ್ಕೇ ನಾನೇ ಗುಂಡಿ ಒತ್ತಿ ನಿಲ್ಲಿಸಿದೆ.

ಆ ವಾರವೇ ಊರಿಗೆ ಹೊರಟಿದ್ದ ಒಬ್ಬರು ಕ್ಯಾಸೆಟ್ ಒಯ್ದರು. ಅಲ್ಲಿಂದ ಕಾಯುವುದೇ ನನ್ನ ಕೆಲಸವಾಯಿತು. ಆಫೀಸಿನ ಟೈಪಿಂಗಿನಲ್ಲಿ ಎರಡೆರಡು ಸಲ ತಪ್ಪು ಮಾಡಿದೆ. ಊಟ ಸೇರಲಿಲ್ಲ. ಹೆಂಡತಿ ಗದರಿಸಿ ಉಣ್ಣಿಸಿದಳು. ಆಪರೇಷನ್ ಮುಂದೆ ಹೋಗಲಿ ಎಂದು ಬೇಡಿಕೊಂಡೆ. ಮುಂದೆ ಹೋದರೆ ಜೀವಕ್ಕೆ ಅಪಾಯವೆಂದು ಬೆಚ್ಚಿ, ಬೇಡಿಕೊಂಡದ್ದನ್ನು ವಾಪಸ್ಸು ಪಡೆದೆ. ಯಾವುದನ್ನು ಬೇಡಬೇಕೆಂದೇ ತಿಳಿಯದ ಪ್ರಾರ್ಥನೆ ಅದು. ಕೊನೆಗೆ ಅಕ್ಕನ ಫೋನ್ ಬಂತು. ಆಪರೇಷನ್ ಆಯಿತು, ಜೀವ ಉಳಿಯಿತು, ಮಾತು ಹೋಯಿತು.

“ಕ್ಯಾಸೆಟ್?” ಅಂದೆ.

“ಆಸ್ಪತ್ರೆಗೆ ಸೇರುವ ಮೊದಲು ಬಾಗಿಲು ಹಾಕ್ಕೊಂಡು ಎಂತದೋ ರೆಕಾರ್ಡ್ ಮಾಡಿದ್ರು. ಸುವೈಕಿನವರ ಕೈಯಲ್ಲಿ ಕಳಿಸಿದ್ದೇನೆ.”

ಮಸ್ಕತ್ತಿನಿಂದ ದೂರದ ಸುವೈಕಿನಲ್ಲಿ ನಮ್ಮೂರಿನವರೊಬ್ಬರು ಬಟ್ಟೆ ಅಂಗಡಿಯಲ್ಲಿ ಕೆಲಸಕ್ಕಿದ್ದರು. ಅವರು ಮರಳಿದ ದಿನವೇ, ಉರಿಬಿಸಿಲಿನಲ್ಲಿ, ಎ.ಸಿ. ಕೆಟ್ಟ ಹಳೆಯ ಕಾರಿನಲ್ಲಿ ಬಾತಿನಾ ಕರಾವಳಿಯ ರಸ್ತೆ ಹಿಡಿದು ಹೋದೆ. ಅವರು ಚಹಾಕ್ಕೆ ಕರೆದರು. ಬೇಡವೆಂದು ಕ್ಯಾಸೆಟ್ ತೆಗೆದುಕೊಂಡು ಕಾರಿನಲ್ಲೇ ಕೂತು ಹಾಕಿದೆ.

ಮೊದಲು ಉಸಿರು ಮಾತ್ರ ಕೇಳಿಸಿತು. ಆಮೇಲೆ ಮರಳಿನ ಮೇಲೆ ಏನನ್ನೋ ಎಳೆದಂಥ ಸ್ವರ.

“ಪ್ರಶ್ನೆ ಕೇಳಿದವನಿಗೆ ಉತ್ತರ. ಆ ರಾಜ ನಂಬಿಕೆ ಮಾರಿದ ಅಂತ ನಾನು ಇಷ್ಟು ವರ್ಷ ಪಾಠ ಮಾಡಿದೆ. ಕೋಟೆಯ ಒಳಗೆ ಹಸಿದು ಸತ್ತವರನ್ನು ನಾನು ಲೆಕ್ಕಕ್ಕೆ ಹಿಡಿದಿರ್ಲಿಲ್ಲ. ಅವನು ಹಿಡಿದ. ಬದಲಾದ ಮೇಲೆ ಬಾಗಿಲು ತೆರೀತು, ಯುದ್ಧ ನಿಲ್ತಾ ಬಂತು. ತಾನು ಬಿಟ್ಟು ಬಂದವರಿಗೂ ಅವರ ಪ್ರಾರ್ಥನೆಗೆ ಜಾಗ ಮಾಡಿ ಕೊಟ್ಟ. ಹಾಗಾಗಿ ಅವನು ಮಾಡಿದ್ದು ಸರಿ ಅಂತ ಬರೆದವನಿಗೂ ಪೂರಾ ಮಾರ್ಕು ಕೊಡ್ಬೇಕು. ಇದು ಮಾಸ್ಟ್ರ ಉತ್ತರ.”

ನೀರು ಕುಡಿದ ಸದ್ದು.

“ಇನ್ನೊಂದುಂಟು. ಅವನು ಬದಲಾಗುವಾಗ ಅವನ ಅಪ್ಪನೂ ಇರ್ಲಿಲ್ಲ, ಅಮ್ಮನೂ ಇರ್ಲಿಲ್ಲ. ಮನೆಯಲ್ಲಿ ಒಬ್ಬ ಅಪ್ಪ ಕೂತಿದ್ದಿದ್ರೆ ಅವನಿಗೆ ಎಂತ ಆಗ್ತಿತ್ತು ಅಂತ ಯಾವ ಪುಸ್ತಕದಲ್ಲೂ ಬರೆದಿಲ್ಲ. ಅದು ನನಗೆ ಗೊತ್ತುಂಟು. ಸಿಟ್ಟು ಬರ್ತದೆ. ಆಮೇಲೆ ಸಿಟ್ಟು ಹೋಗ್ತದೆ, ಆದ್ರೆ ಮೊದಲು ಮಾತಾಡ್ಲಿಕ್ಕೆ ನಾಚಿಕೆ ಆಗ್ತದೆ.”

ಮುಗಿಯಿತೆಂದು ಗುಂಡಿಗೆ ಕೈ ಹಾಕುವಷ್ಟರಲ್ಲಿ ಮತ್ತೆ ಅಪ್ಪ.

“ರಜೆ ಸಿಕ್ಕಿದ ಕೂಡ್ಲೆ ಅವಳನ್ನು ಕರ್ಕೊಂಡು ಬಾ. ಆಗ ನನಗೆ ಸ್ವರ ಇರುದಿಲ್ಲ. ಬೈಲಿಕ್ಕೂ ಆಗುದಿಲ್ಲ. ಹೆದರದೆ ಬಾ.”

ಸ್ಟೀರಿಂಗಿಗೆ ತಲೆ ಕೊಟ್ಟು ಗಟ್ಟಿಯಾಗಿ ಅತ್ತೆ. ಅಂಗಡಿಯವರು ಓಡಿ ಬಂದು, ಅಪ್ಪ ತೀರಿಕೊಂಡರೋ ಎಂದು ಕೇಳಿದರು. ಇಲ್ಲ, ಕರೆದಿದ್ದಾರೆ ಎಂದೆ.