ಬೆಟ್ಟದ ಹಿಂದೆ ಹೋದ ಹೊತ್ತು

ಬೀಗಿತ್ತಿ ನನ್ನ ಮೊಮ್ಮಗಳನ್ನು ತಮ್ಮ ಕಡೆ ಮಾಡಿಕೊಂಡಿದ್ದಾರೆ. ನಡೆದದ್ದು ಅಷ್ಟೆ. ಉಳಿದವರು ಊಟದ ಜಗಳ ಎನ್ನುತ್ತಾರೆ, ಎನ್ನಲಿ.

ಬೆಳ್ತಂಗಡಿ ಬಿಟ್ಟು ಫುಜೈರಾದ ಮಗಳ ಮನೆಗೆ, ಇರಲಿಕ್ಕೆಂದೇ, ಆಗಷ್ಟೇ ಬಂದಿದ್ದೆ. ಅರಬರ ಈ ಊರಿನಲ್ಲಿ ಎಲ್ಲ ತಿರುಗುಮುರುಗು. ನಮ್ಮಲ್ಲಿ ಘಟ್ಟ ಮೂಡಣಕ್ಕೆ, ಕಡಲು ಪಡುವಣಕ್ಕೆ. ಇಲ್ಲಿ ಹೊತ್ತು ಕಡಲಿನಿಂದ ಏಳುತ್ತದೆ, ಬೆಟ್ಟದ ಹಿಂದೆ ಇಳಿಯುತ್ತದೆ. ಬೆಟ್ಟಕ್ಕೆ ಇವರು ಜಬಲ್ ಎನ್ನುತ್ತಾರೆ. ಹುಲ್ಲುಕಡ್ಡಿ ಇಲ್ಲದ ಬೋಳು ಕಲ್ಲು ಅದು. ನನ್ನ ಅಳಿಯನ ತಾಯಿ, ಮೂಡುಬಿದಿರೆಯವರು, ಇದೇ ಮನೆಯಲ್ಲಿ ವರ್ಷಗಟ್ಟಲೆಯಿಂದ ಇದ್ದಾರೆ. ಅಂಗಡಿಯವನ ಹತ್ತಿರ ಅರಬಿಯಲ್ಲಿ ಚೌಕಾಶಿ ಮಾಡುತ್ತಾರೆ. ನನಗೆ ಲಿಫ್ಟಿನ ಗುಂಡಿ ಒತ್ತಲಿಕ್ಕೂ ಅವರೇ ಬೇಕು. ಮಗು ದಿನವಿಡೀ ‘ಮೂಡುಬಿದಿರೆ ಅಜ್ಜಿ’ ಎಂದು ಅವರ ಹಿಂದೆ. ನಾನು ಬೆಳ್ತಂಗಡಿ ಅಜ್ಜಿ. ತಂದ ಹಪ್ಪಳ ಮುಗಿದ ಮೇಲೆ ಕೇಳುವವರಿಲ್ಲ.

ನಾವು ಜೈನರು, ಹೊತ್ತು ಮುಳುಗಿದ ಮೇಲೆ ಉಣ್ಣುವವರಲ್ಲ. ಒಂದು ಸಂಜೆ ಹೊತ್ತು ಬೆಟ್ಟದ ಹಿಂದೆ ಹೋದದ್ದು ಕಂಡು ನಾನು ಬಟ್ಟಲು ಕವುಚಿ ಹಾಕಿದೆ. ಬೀಗಿತ್ತಿ ಮಗುವನ್ನು ಪಕ್ಕದಲ್ಲಿ ಕೂರಿಸಿಕೊಂಡು ಅನ್ನ ಬಡಿಸಿದರು. ನನಗೆ ಒಳಗೊಳಗೇ ಖುಷಿ. ಅಂತೂ ಅವರದೊಂದು ತಪ್ಪು ಸಿಕ್ಕಿತು.

“ಏನಕ್ಕ, ಕಡಲು ದಾಟಿದ ಮೇಲೆ ವ್ರತವೂ ಇಲ್ವಾ? ಹೊತ್ತು ಮುಳುಗಿದ ಮೇಲೆ ಮಗುವಿಗೂ ಉಣಿಸೂದಾ?”

“ಎಲ್ಲಿ ಮುಳುಗಿದ್ದು ಮಾರಾಯ್ರೇ? ಬೆಟ್ಟದ ಹಿಂದೆ ಉಂಟು ಅದು. ನಾನೂ ಹೊಸತಿಗೆ ಹೀಗೇ ಹಸಿದು ಮಲಗ್ತಿದ್ದೆ. ಬನ್ನಿ, ಉಣ್ಣುವ.”

ಮಗು ನಕ್ಕಳು. ಬೀಗಿತ್ತಿ ನಕ್ಕಿದ್ದರೆ ಸಹಿಸುತ್ತಿದ್ದೆ. ಅವಳು ಶಾಲೆಯ ನಕಾಶೆ ತಂದು ನನ್ನ ಮಡಿಲಲ್ಲಿ ಹರಡಿದಳು.

“ನೋಡಿ ಅಜ್ಜಿ, ಆಂಡಿಸ್ ದಕ್ಷಿಣ ಅಮೆರಿಕದಲ್ಲಿ, ಆಲ್ಪ್ಸ್ ಯುರೋಪಿನಲ್ಲಿ, ಅಟ್ಲಾಸ್ ಆಫ್ರಿಕದಲ್ಲಿ. ಇದು ಹಿಮಾಲಯ. ಇಲ್ಲಿ ನಮ್ಮದು, ಹಜರ್. ನಾಳೆ ಕ್ಲಾಸಲ್ಲಿ ನಮ್ಮ ಬೆಟ್ಟದ ಬಗ್ಗೆ ಹೇಳ್ಲಿಕ್ಕುಂಟು.”

“ನಮ್ಮದು ಘಟ್ಟ ಅಲ್ವಾ ಮಗಾ?”

“ಅದು ನಿಮ್ಮದು ಅಜ್ಜಿ.”

“ಯಾರು ಹೇಳಿಕೊಟ್ಟದ್ದು?”

ಅವಳು ಬೀಗಿತ್ತಿಯ ಮುಖ ನೋಡಿದಳು. ಬೀಗಿತ್ತಿ ಸಾರು ಬಡಿಸಿಕೊಂಡರು.

ಲೋಕದಲ್ಲಿ ಇಷ್ಟೆಲ್ಲ ಬೆಟ್ಟ ಇರುವಾಗ ನನಗೆ ಹೊಟ್ಟೆಕಿಚ್ಚು ಬಂದದ್ದು ಈ ಬೋಳು ಕಲ್ಲಿನ ಮೇಲೆ. ಅದನ್ನು ಅವಳು ‘ನಮ್ಮದು’ ಎಂದಳಲ್ಲ! ನಾನು ಉಣ್ಣಲಿಲ್ಲ. ಹಸಿವಿತ್ತು, ಅವರು ಬಡಿಸಿದ್ದು ಬೇಡವಾಗಿತ್ತು.

ಮರುದಿನ ಬೆಳಿಗ್ಗೆ ಬೀಗಿತ್ತಿ ಸ್ನಾನಕ್ಕೆ ಹೋದದ್ದೇ ತಡ, ಮಗುವನ್ನು ನನ್ನ ಮುಂದೆ ಕೂರಿಸಿ ತಲೆ ಬಾಚಲಿಕ್ಕೆ ಹಿಡಿದೆ. ಜಡೆ ಮುಗಿಯದೆ ಅವಳು ಏಳುವ ಹಾಗಿಲ್ಲ. ನಮ್ಮ ಅಂಗಳದಿಂದ ಕುದುರೆಮುಖ ಹೇಗೆ ಕಾಣುತ್ತದೆ, ಅದರ ತಲೆಗೆ ಮೋಡ ಕೂತರೆ ನಾವು ಒಣಗಲು ಹಾಕಿದ್ದನ್ನೆಲ್ಲ ಹೇಗೆ ಓಡಿ ಒಳಗೆ ತರುತ್ತೇವೆ, ಎಲ್ಲ ಹೇಳಿದೆ. ‘ನಾವು’ ಎಂದೇನೋ ಹೇಳಿದೆ. ಅಲ್ಲಿ ಈಗ ಓಡುವವರು ಬೇರೆ.

“ಅಜ್ಜಿ, ಬಿಗಿ ಆಯ್ತು. ಮೂಡುಬಿದಿರೆ ಅಜ್ಜಿ ಮೆಲ್ಲ ಹಾಕ್ತಾರೆ.”

ಜಡೆ ಪೂರ್ತಿ ಬಿಚ್ಚಿದೆ. ಮೊದಲಿನಿಂದ ಹೆಣೆಯಲಿಕ್ಕೆ ಶುರು ಮಾಡಿದೆ, ಮೆಲ್ಲ.