ಚಿಕ್ಕಮ್ಮ ಬಿಚ್ಚಿ ಜೋಡಿಸಿದ ಆಟೋಪೈಲಟ್

ನನ್ನ ಚಿಕ್ಕಮ್ಮ ವಿಮಾನದ ಮೆಕ್ಯಾನಿಕ್. ದೊಡ್ಡ ವಿಮಾನಗಳಲ್ಲ, ತಗಡಿನ ಶೆಡ್ಡಿನಲ್ಲಿ ರೆಕ್ಕೆಗೆ ರೆಕ್ಕೆ ತಾಗುವಂತೆ ನಿಲ್ಲುವ ನಾಲ್ಕು ಸೀಟಿನವು. ಅವುಗಳಲ್ಲೊಂದನ್ನು ಚಿಕ್ಕಪ್ಪ ಓಡಿಸುತ್ತಾನೆ, ಔಷಧಿಯ ಪೆಟ್ಟಿಗೆಗಳನ್ನು ಊರಿಂದೂರಿಗೆ ಮುಟ್ಟಿಸಲು. ಈಚೆಗೆ ಭುಜ ಹಿಡಿದುಕೊಂಡು ಅವನ ತೋಳು ಮೇಲೇಳುತ್ತಿರಲಿಲ್ಲ. ಹೀಗೆ ಗಂಟೆಗಟ್ಟಲೆ ಹ್ಯಾಂಡಲ್ ಹಿಡಿದು ಕೂತರೆ ಹಾರಾಟವನ್ನೇ ಬಿಡಬೇಕಾಗುತ್ತದೆ ಎಂದು ಡಾಕ್ಟರು ಹೇಳಿದ ಮೇಲೆ ಚಿಕ್ಕಮ್ಮ ವಿಮಾನವನ್ನು ತಾನೇ ನಡೆಸುವ ಯಂತ್ರ, ಆಟೋಪೈಲಟ್, ಕೂರಿಸಲು ಹೊರಟಳು.

ವಿಮಾನದ ಬಾಲದೊಳಗೆ ತೆವಳಿ ಮೋಟಾರು ಬಿಗಿದಳು, ಕೇಬಲ್ಲಿಗೆ ಜೋಡಿಸಿದಳು. ನೆಲದ ಮೇಲೆ ಎಲ್ಲ ಸರಿ. ಹಾರಿ ಬಂದ ಚಿಕ್ಕಪ್ಪ ಮುಖ ಸಿಂಡರಿಸಿದ.

"ಮೂತಿ ಕೆಳಗೆ ಹಾಕತ್ತೆ ಕಣೇ. ಎತ್ತೋಕೆ ಹೋದ್ರೆ ಜಗಳಕ್ಕೇ ಬರತ್ತೆ. ಥೇಟ್ ನಿನ್ನ ಹಾಗೆ."

ಸೀಟು ಕಿತ್ತಳು, ನೆಲದ ಹಲಗೆ ಎಬ್ಬಿಸಿದಳು, ಕೇಬಲ್ಲಿನ ಬಿಗಿ ಅಳೆದಳು. ಯಂತ್ರ ಮಾರಿದವರಿಗೆ ಫೋನ್ ಮಾಡಿದರೆ, "ನಮ್ಮಲ್ಲಿ ದೋಷ ಇಲ್ಲ ಮೇಡಂ" ಎಂಬ ಅದೇ ಹಾಡು. ಮತ್ತೆ ಜೋಡಿಸಿದಳು. ಮತ್ತೆ ಅದೇ ದೂರು. ಬೆರಳ ಗಿಣ್ಣುಗಳು ತರಚಿಹೋದವು. ಮನೆಯಲ್ಲಿ ಅವಳ ಪರವಾಗಿ ಪಾತ್ರೆಗಳೇ ಮಾತಾಡತೊಡಗಿದವು.

ಒಂದು ಬೆಳಿಗ್ಗೆ ಸ್ಪ್ಯಾನರ್ ಎಸೆದು, "ಇವತ್ತು ನಾನೂ ಬರ್ತೀನಿ" ಎಂದಳು. ಹಿಂದಿನ ಸೀಟಿನಲ್ಲಿ ನಾನೂ ಕೂತೆ.

ಮೇಲೇರಿದ ಮೇಲೆ ಚಿಕ್ಕಪ್ಪ ಆಟೋಪೈಲಟ್ಟಿನ ಗುಂಡಿ ಒತ್ತಿದ. ಸ್ವಲ್ಪ ಹೊತ್ತು ಎಲ್ಲ ನಿಶ್ಚಲ. ಆಮೇಲೆ ಮೂತಿ ನಿಧಾನವಾಗಿ ತಗ್ಗಿತು.

"ನೋಡಿದ್ಯಾ?"

ಚಿಕ್ಕಮ್ಮ ನೋಡುತ್ತಿದ್ದದ್ದು ಅವನ ಕೈಯನ್ನು. ಎರಡು ಬೆರಳು ಹ್ಯಾಂಡಲ್ಲಿಗೆ ಕೊಕ್ಕೆ ಹಾಕಿಕೊಂಡು, ಮೂತಿ ಏಳಲೆಂದು ಮೆಲ್ಲಗೆ ಹಿಂದಕ್ಕೆ ಎಳೆಯುತ್ತಿದ್ದವು. ಅವನು ಎಳೆದಷ್ಟೂ ಯಂತ್ರ ಮೂತಿಯನ್ನು ಕೆಳಕ್ಕೆ ತಳ್ಳುತ್ತಿತ್ತು.

"ರೀ, ಕೈ ತೆಗೀರಿ."

"ತೆಗೆದಿದ್ದೀನಲ್ಲ!"

"ಹಾಗಾದ್ರೆ ಇದು ಯಾರ ಕೈ?"

ಯಾರೋ ಮರೆತು ಬಿಟ್ಟುಹೋದ ವಸ್ತುವನ್ನು ನೋಡುವಂತೆ ಅವನು ಅದನ್ನು ನೋಡಿದ. ತೊಡೆಯ ಮೇಲೆ ಇಟ್ಟುಕೊಂಡ. ವಿಮಾನ ಕೆರೆಯ ನೀರಿನಂತೆ ಸಮವಾಯಿತು. ಒಂದು ಮೋಡ ದಾಟುವಷ್ಟರಲ್ಲಿ ಕೈ ತಾನಾಗಿಯೇ ಎದ್ದು ಮತ್ತೆ ಹ್ಯಾಂಡಲ್ ಸೇರಿತು.

"ಅಯ್ಯೋ ದೇವರೇ! ಇದನ್ನ ಬಿಚ್ಚೋಕೆ ಯಾವ ಸ್ಪ್ಯಾನರ್ ತರಲಿ ನಾನು?"

"ಸುಮ್ನೆ ಕೂತ್ರೆ ಬಿದ್ದೇ ಹೋಗ್ತೀವಿ ಅನ್ಸತ್ತೆ ಕಣೇ" ಎಂದ, ಸಣ್ಣ ದನಿಯಲ್ಲಿ.

ಅಂದಿನಿಂದ ಅವನು ಹಾರಿದಾಗಲೆಲ್ಲ ಅವಳು ಪಕ್ಕದ ಸೀಟಿನಲ್ಲಿರುತ್ತಾಳೆ. ಶೆಡ್ಡಿನಲ್ಲಿ ಬೇರೆಯವರ ವಿಮಾನಗಳು ಹೊಟ್ಟೆ ಬಿಚ್ಚಿಕೊಂಡು ಕಾಯುತ್ತವೆ. ಮಾಲೀಕರ ಬೈಗುಳ ಫೋನಿನಲ್ಲಿ ತಪ್ಪದು. ಕೈ ಎದ್ದಾಗಲೆಲ್ಲ ಅವಳು ಚಟ್ಟೆಂದು ಒಂದು ಏಟು ಕೊಡುತ್ತಾಳೆ. ಚಿಕ್ಕಪ್ಪನ ತೋಳು ಈಗ ಕಿವಿಯವರೆಗೆ ಏಳುತ್ತದೆ. ಅದನ್ನು ಎತ್ತಿ ತೋರಿಸಲು ಬಂದರೆ ಚಿಕ್ಕಮ್ಮ ತಲೆಯೆತ್ತದೆ ಹೇಳುತ್ತಾಳೆ:

"ಎತ್ತೋದಲ್ಲ ರೀ, ಇಳಿಸೋದು ಕಲೀರಿ. ನನಗೂ ಬೇರೆ ಕೆಲಸ ಇದೆ."